ಕ್ಯಾಮೆರಾ ಹೊರಟ ಮೇಲೆ ಅಲ್ಲೇ ಉಳಿಯುವವರು

ಪ್ರಶ್ನೆ: ಮೇಡಂ, ನಾನು ಸಾಕ್ಷ್ಯಚಿತ್ರ ಮಾಡುವುದನ್ನು ಕಲಿಯುತ್ತಿದ್ದೇನೆ. ಕಾರ್ಮಿಕರ ಹಕ್ಕು, ಆರ್ಥಿಕ ಅಸಮಾನತೆ, ಇದೇ ನನ್ನ ವಿಷಯ. ಕಾರ್ಮಿಕರ ಹೋರಾಟಗಳಲ್ಲೂ ಇದ್ದೇನೆ. ಒಂದು ಕಡೆ ನಿಂತವರು ಮಾಡಿದ ಚಿತ್ರ ಪ್ರಚಾರ ಆಗುತ್ತದೆ, ಸತ್ಯ ಆಗುವುದಿಲ್ಲ ಎಂದು ಗೆಳೆಯರು ಹೇಳುತ್ತಾರೆ. ನನ್ನ ಚಿತ್ರದಲ್ಲಿ ಮಾತಾಡಿದವರ ಕೆಲಸ ಹೋದರೆ ಎಂಬ ಭಯವೂ ಇದೆ. ಇಷ್ಟೆಲ್ಲ ಮಾಡಿದರೆ ಏನಾದರೂ ಬದಲಾಗುತ್ತದಾ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಗೆಳೆಯರ ಮಾತನ್ನು ಮೊದಲು ಬರೆದಿದ್ದೀರಿ, ಕೆಲಸ ಹೋಗುವ ಭಯವನ್ನು ನಡುವೆ ಒಂದೇ ಸಾಲಲ್ಲಿ ಹೇಳಿ ಮುಗಿಸಿದ್ದೀರಿ. ಇಪ್ಪತ್ತು ವರ್ಷದಿಂದ ಈ ಕೆಲಸ ಮಾಡುತ್ತಾ, ಹೊಸಬರಿಗೆ ಕಲಿಸುತ್ತಾ ಬಂದ ನನಗೆ ಆ ನಡುವಿನ ಸಾಲೇ ಎಲ್ಲಕ್ಕಿಂತ ದೊಡ್ಡದಾಗಿ ಕಾಣುತ್ತದೆ. ಚಿತ್ರೀಕರಣ ಮುಗಿದ ಮೇಲೆ ನೀವು ಮನೆಗೆ ಹೋಗುತ್ತೀರಿ. ನಿಮ್ಮ ಜೊತೆ ಮಾತಾಡಿದವರು ಮರುದಿನ ಬೆಳಿಗ್ಗೆ ಅದೇ ಗೇಟಿನ ಮುಂದೆ ಸಾಲಲ್ಲಿ ನಿಲ್ಲಬೇಕು. ಇದೊಂದನ್ನು ಮರೆಯದಿದ್ದರೆ ಕ್ಯಾಮೆರಾ ಎಲ್ಲಿಡಬೇಕು, ಏನು ಕೇಳಬೇಕು, ಏನನ್ನು ಕತ್ತರಿಸಬೇಕು ಅನ್ನೋದು ಬಹುಪಾಲು ತಾನಾಗಿಯೇ ತಿಳಿಯುತ್ತದೆ. ಉಳಿದ ಎರಡು ಪ್ರಶ್ನೆಗೂ ಉತ್ತರ ಅಲ್ಲಿಂದಲೇ ಹೊರಡುತ್ತದೆ.

ಆದರೂ ಪ್ರಚಾರದ ಮಾತನ್ನು ಮೊದಲು ನೋಡಿಬಿಡೋಣ, ಅದು ನಿಮ್ಮನ್ನು ಕೊರೆಯುತ್ತಿದೆ ಅಂತ ಕಾಣುತ್ತದೆ.

1895ರಲ್ಲಿ ಫ್ರಾನ್ಸಿನ ಲಿಯೋನ್ ನಗರದಲ್ಲಿ ಲೂಮಿಯೇರ್ ಸಹೋದರರು ತೆಗೆದ ಚಿತ್ರ ಗೊತ್ತಲ್ವಾ? ಜಗತ್ತಿನ ಮೊದಮೊದಲ ಸಿನಿಮಾಗಳಲ್ಲಿ ಒಂದು. ಕಾರ್ಖಾನೆಯ ಗೇಟು ತೆರೆಯುತ್ತದೆ, ಕಾರ್ಮಿಕರು ಹೊರಗೆ ಬರುತ್ತಾರೆ, ಅಷ್ಟೇ. ಒಂದು ನಿಮಿಷವೂ ಇಲ್ಲ. ಆ ಕಾರ್ಖಾನೆ ಲೂಮಿಯೇರ್ ಕುಟುಂಬದ್ದೇ ಆಗಿತ್ತು. ಅಂದರೆ ಕ್ಯಾಮೆರಾ ಹಿಂದೆ ಇದ್ದವರು ಮಾಲೀಕರು, ಮುಂದೆ ನಡೆದವರು ಅವರ ಸಂಬಳಕ್ಕೆ ದುಡಿಯುವವರು. ಒಂದೇ ಸಲದಲ್ಲಿ ತೆಗೆದದ್ದೂ ಅಲ್ಲ, ಬೇರೆ ಬೇರೆಯಾಗಿ ತೆಗೆದ ಮೂರು ಪ್ರತಿಗಳು ಈಗ ಸಿಗುತ್ತವೆ. ಆ ಕಾರ್ಮಿಕರು ಎಷ್ಟು ಗಂಟೆ ದುಡಿದು ಬಂದರು, ಕೈಗೆ ಎಷ್ಟು ಬಂತು, ಯಾವುದೂ ಅದರಲ್ಲಿಲ್ಲ. ಆದರೂ ಅದನ್ನು ಯಾರೂ ಪ್ರಚಾರ ಅನ್ನುವುದಿಲ್ಲ. ನೂರು ವರ್ಷ ಆದ ಮೇಲೆ, 1995ರಲ್ಲಿ, ಜರ್ಮನಿಯ ಹರೂನ್ ಫರೋಕಿ ಇದೇ ದೃಶ್ಯವನ್ನು ಇಟ್ಟುಕೊಂಡು ಒಂದು ಚಿತ್ರ ಮಾಡಿದರು. ಸಿನಿಮಾ ಯಾವಾಗಲೂ ಕಾರ್ಖಾನೆಯ ಗೇಟಿನ ಹತ್ತಿರವೇ ನಿಂತುಬಿಡುತ್ತದೆ, ಒಳಗೆ ಹೋಗುವುದು ಅಪರೂಪ ಅನ್ನೋದನ್ನು ಅವರು ಒಂದಾದ ಮೇಲೊಂದು ದೃಶ್ಯ ಜೋಡಿಸಿ ತೋರಿಸುತ್ತಾರೆ.

ಎಲ್ಲ ಕ್ಯಾಮೆರಾಗಳೂ ಎಲ್ಲೋ ಒಂದು ಕಡೆ ನಿಂತಿರುತ್ತವೆ. ನೀವು ನಿಂತ ಜಾಗವನ್ನು ನೋಡುವವರಿಗೆ ಹೇಳಿದ್ದೀರಾ ಅನ್ನೋದಷ್ಟೇ ನನಗೆ ಮುಖ್ಯ. 1935ರಲ್ಲಿ ಬ್ರಿಟನ್ನಿನಲ್ಲಿ ಲಂಡನ್ ಕೊಳೆಗೇರಿಗಳ ಮೇಲೆ ಒಂದು ಸಾಕ್ಷ್ಯಚಿತ್ರ ಬಂತು. ಬಡವರು ತಾವೇ ಕ್ಯಾಮೆರಾ ಕಡೆ ತಿರುಗಿ ತಮ್ಮ ಮನೆಯ ಇಲಿ, ಹುಳ, ಬಿರುಕು ಗೋಡೆಗಳ ಬಗ್ಗೆ ಹೇಳಿಕೊಂಡ ಮೊದಲ ಚಿತ್ರಗಳಲ್ಲಿ ಅದೂ ಒಂದು, ಆ ಕಾಲಕ್ಕೆ ಬಹಳ ದೊಡ್ಡ ಹೆಜ್ಜೆ. ದುಡ್ಡು ಕೊಟ್ಟದ್ದು ಮಾತ್ರ ಗ್ಯಾಸ್ ಉದ್ಯಮ. ಕೊಳೆಗೇರಿ ಹೋಗಿ ಹೊಸ ಮನೆ ಬಂದರೆ ಅಡುಗೆಗೆ, ಬಿಸಿನೀರಿಗೆ ಗ್ಯಾಸ್ ಬೇಕಲ್ಲ! ಚಿತ್ರದಲ್ಲಿ ಜನ ಹೇಳಿದ್ದು ಅದರಿಂದ ಸುಳ್ಳಾಗುವುದಿಲ್ಲ. ಆದರೆ ಆ ಮನೆಗಳ ಬಾಡಿಗೆ ಯಾರ ಜೇಬಿಗೆ ಹೋಗುತ್ತಿತ್ತು, ಅಷ್ಟು ದಿನ ಯಾಕೆ ರಿಪೇರಿ ಆಗಲಿಲ್ಲ ಅನ್ನೋ ಪ್ರಶ್ನೆಗಳು ಅಲ್ಲಿ ಹೆಚ್ಚು ಏಳುವುದಿಲ್ಲ. ಹಾಗಾಗಿ ನಾನು ಹೊಸಬರಿಗೆ ಮೊದಲ ದಿನವೇ ಹೇಳುವುದು, ದುಡ್ಡು ಯಾರದ್ದು ಅಂತ ಚಿತ್ರದಲ್ಲೇ ಹಾಕಿ. ಯೂನಿಯನ್ ಕೊಟ್ಟಿದ್ದರೆ ಯೂನಿಯನ್ ಅಂತ ಹಾಕಿ. ಮುಚ್ಚಿಟ್ಟದ್ದು ಆಮೇಲೆ ಹೊರಬಂದರೆ ನಿಮ್ಮ ಹೆಸರಿನ ಜೊತೆ ಕಾರ್ಮಿಕರ ಮಾತಿನ ಬೆಲೆಯೂ ಹೋಗುತ್ತದೆ.

ಒಂದು ಕಡೆ ನಿಂತವರಿಗೆ ಜವಾಬ್ದಾರಿ ಜಾಸ್ತಿ. ಇದನ್ನು ಬಹಳ ಹೋರಾಟಗಾರರು ತಿರುವುಮುರುವಾಗಿ ತಿಳಿದಿರುತ್ತಾರೆ. ನಮ್ಮದು ನ್ಯಾಯದ ಪರ, ಸಣ್ಣಪುಟ್ಟ ವಿವರ ಹೆಚ್ಚುಕಡಿಮೆ ಆದರೂ ನಡೆಯುತ್ತದೆ ಅಂದುಕೊಳ್ಳುತ್ತಾರೆ. ನಡೆಯುವುದಿಲ್ಲ. ಅಮೆರಿಕದ ಮೈಕೆಲ್ ಮೂರ್ 1989ರಲ್ಲಿ ತಮ್ಮ ಊರು ಫ್ಲಿಂಟ್‌ನಲ್ಲಿ ಜನರಲ್ ಮೋಟರ್ಸ್ ಕಾರ್ಖಾನೆಗಳು ಮುಚ್ಚಿ ಸಾವಿರಾರು ಜನ ಬೀದಿಗೆ ಬಿದ್ದ ಕಥೆಯನ್ನು ಹೇಳಿದರು. ಬಹಳ ಜನ ನೋಡಿದರು, ಕಾರ್ಮಿಕರ ವಿಷಯಕ್ಕೂ ಥಿಯೇಟರ್ ತುಂಬುತ್ತದೆ ಅಂತ ಅದರಿಂದ ಗೊತ್ತಾಯಿತು. ಆದರೆ ಕೆಲವು ಘಟನೆಗಳು ನಡೆದ ಕ್ರಮವನ್ನು ಅದರಲ್ಲಿ ಹಿಂದುಮುಂದು ಮಾಡಲಾಗಿತ್ತು. ಒಬ್ಬ ಪತ್ರಕರ್ತರು ಅದನ್ನು ಎತ್ತಿ ತೋರಿಸಿದರು. ಆಮೇಲೆ ಏನಾಯಿತು ನೋಡಿ, ಕೆಲಸ ಕಳೆದುಕೊಂಡವರ ಬಗ್ಗೆ ನಡೆಯಬೇಕಿದ್ದ ಚರ್ಚೆಯಲ್ಲಿ ದೊಡ್ಡ ಪಾಲು ಯಾವುದು ಯಾವ ವರ್ಷ ಆಯಿತು ಅನ್ನೋ ಜಗಳಕ್ಕೆ ಹೋಯಿತು. ಇದು ನನಗೆ ಈಗಲೂ ನೋವಿನ ವಿಷಯ. ಎಡಿಟ್ ಮಾಡುವಾಗ ಒಂದು ಶಾಟನ್ನು ಮುಂದಕ್ಕೆ ಸರಿಸಿದರೆ ಕಥೆ ಚುರುಕಾಗುತ್ತದೆ, ನಿಜ. ಸರಿಸುವ ಮೊದಲು, ಎದುರು ಪಕ್ಷದ ವಕೀಲರು ಇದನ್ನು ನೋಡಿದರೆ ಏನು ಹೇಳುತ್ತಾರೆ ಅಂತ ಕೇಳಿಕೊಳ್ಳಿ.

ನಿಮ್ಮ ಪಕ್ಷದವರ ತಪ್ಪನ್ನೂ ತೋರಿಸುವ ಧೈರ್ಯ ಇರಬೇಕು. ಈ ವಿಷಯದಲ್ಲಿ ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕಿ ಬಾರ್ಬರಾ ಕಾಪಲ್ ನನಗೆ ಗುರು ಇದ್ದ ಹಾಗೆ. 1984ರಲ್ಲಿ ಮಿನೆಸೋಟ ರಾಜ್ಯದ ಆಸ್ಟಿನ್ ಊರಿನಲ್ಲಿ ಹಾರ್ಮೆಲ್ ಅನ್ನುವ ಮಾಂಸದ ಕಂಪನಿ ಗಂಟೆಗೆ 10.69 ಡಾಲರ್ ಇದ್ದ ಕೂಲಿಯನ್ನು 8.25ಕ್ಕೆ ಇಳಿಸಿತು. ಕಂಪನಿಗೆ ನಷ್ಟ ಇತ್ತಾ ಅಂದರೆ ಇರಲಿಲ್ಲ, ಲಾಭದಲ್ಲೇ ಇತ್ತು. 1985ರಲ್ಲಿ ಕಾರ್ಮಿಕರು ಮುಷ್ಕರಕ್ಕೆ ಹೋದರು. ಕಾಪಲ್ ಕಾರ್ಮಿಕರ ಜೊತೆಗೇ ಇದ್ದರು. ಆದರೆ ಆ ಮುಷ್ಕರದ ಮೇಲೆ ಅವರು ಮಾಡಿದ ಚಿತ್ರದಲ್ಲಿ ಊರಿನ ಯೂನಿಯನ್ನಿಗೂ ರಾಷ್ಟ್ರ ಮಟ್ಟದ ಯೂನಿಯನ್ನಿಗೂ ಬಿದ್ದ ಜಗಳ, ಯಾವ ದಾರಿ ಹಿಡಿಯಬೇಕು ಅನ್ನೋದರಲ್ಲಿ ಆದ ಎಡವಟ್ಟು, ಮನೆಯಲ್ಲಿ ಮಕ್ಕಳಿದ್ದಾರೆ ಅಂತ ಕಣ್ಣೀರು ಹಾಕುತ್ತಾ ಮುಷ್ಕರ ಮುರಿದು ಒಳಗೆ ಹೋದವರ ಸಂಕಟ, ಎಲ್ಲವೂ ಇದೆ. ಆ ಮುಷ್ಕರ ಸೋತಿತು. ಸೋಲನ್ನೂ ಅವರು ಬಚ್ಚಿಡಲಿಲ್ಲ. ಯೂನಿಯನ್ ಕಟ್ಟುವವರಿಗೆ ನಾನು ಅದನ್ನೇ ತೋರಿಸುತ್ತೇನೆ. ಗೆದ್ದ ಕಥೆಯಿಂದ ಧೈರ್ಯ ಬರುತ್ತದೆ, ಆದರೆ ಮುಂದಿನ ಸಲ ಏನು ಮಾಡಬಾರದು ಅನ್ನೋದು ಸೋತ ಕಥೆಯಲ್ಲೇ ಇರುವುದು.

ಈಗ ನಿಮ್ಮ ಭಯಕ್ಕೆ ಬರುತ್ತೇನೆ. ನನ್ನದೇ ಒಂದು ತಪ್ಪಿನಿಂದ ಶುರು ಮಾಡುತ್ತೇನೆ, ಯಾಕೆಂದರೆ ಇದನ್ನು ಯಾವ ಪಾಠದಲ್ಲೂ ನನಗೆ ಯಾರೂ ಹೇಳಿರಲಿಲ್ಲ. ಬಹಳ ವರ್ಷದ ಹಿಂದೆ ಒಂದು ಕಾರ್ಖಾನೆಯಲ್ಲಿ ಕೆಲಸ ಮಾಡುವ ಒಬ್ಬರು ಓಟಿ ಹಣ ಕೊಡದೆ ದುಡಿಸಿಕೊಳ್ಳುವುದರ ಬಗ್ಗೆ ನನ್ನ ಜೊತೆ ಮಾತಾಡಿದರು. ಬೆನ್ನು ತಿರುಗಿಸಿ ಕೂರಿಸಿದ್ದೆ, ಕತ್ತಲು ಮಾಡಿದ್ದೆ, ಹೆಸರು ಬದಲಾಯಿಸಿದ್ದೆ. ಎಲ್ಲ ಸರಿಯಾಗಿದೆ ಅಂದುಕೊಂಡೆ. ಅವರಿಗೆ ಮಾತಿನ ನಡುವೆ ಒಂದು ಪದವನ್ನು ಪದೇ ಪದೇ ಹೇಳುವ ಅಭ್ಯಾಸ ಇತ್ತು. ಚಿತ್ರ ತೋರಿಸಿದ ವಾರದೊಳಗೆ ಅವರ ಸೂಪರ್‌ವೈಸರ್‌ಗೆ ಗುರುತು ಸಿಕ್ಕಿತು. ಕೆಲಸದಿಂದ ತೆಗೆಯಲಿಲ್ಲ, ರಾತ್ರಿ ಶಿಫ್ಟಿಗೆ ಹಾಕಿದರು. ಸಣ್ಣ ಮಗು ಇದ್ದ ತಾಯಿ ಅವರು. ಎರಡು ತಿಂಗಳಲ್ಲಿ ಅವರೇ ಬಿಟ್ಟು ಹೋದರು. ಕಾಗದದ ಮೇಲೆ ಅದು ಸ್ವಂತ ಇಚ್ಛೆಯ ರಾಜೀನಾಮೆ. ಮುಖ ಮುಚ್ಚಿದ್ದಕ್ಕೆ ಏನೂ ಬೆಲೆ ಇರಲಿಲ್ಲ.

ಅಂದಿನಿಂದ ನಾನು ಗುರುತನ್ನು ಬೇರೆ ಥರ ನೋಡುತ್ತೇನೆ. ಮನುಷ್ಯರನ್ನು ಪರಿಚಯದವರು ಮುಖ ನೋಡಿ ಮಾತ್ರ ಗುರುತಿಸುವುದಿಲ್ಲ. ದನಿ, ನಡಿಗೆ, ಕೈ ಬೀಸುವ ರೀತಿ, ಬಳೆ, ಚಪ್ಪಲಿ, ಹಿಂದಿನ ಗೋಡೆಯ ಕ್ಯಾಲೆಂಡರ್, ಕೇಳಿಬರುವ ಯಂತ್ರದ ಸದ್ದು, ಯಾವ ಶಿಫ್ಟಿನಲ್ಲಿ ಏನಾಯಿತು ಅನ್ನೋ ವಿವರ. ಆ ಘಟನೆ ನಡೆದಾಗ ಅಲ್ಲಿ ಇದ್ದವರು ಮೂರೇ ಜನ ಅಂದರೆ ಹೆಸರೇ ಬೇಕಿಲ್ಲ. ಹಾಗಾಗಿ ನಿಜವಾದ ಅಪಾಯ ಇರುವವರ ದನಿಯನ್ನು ನಾನು ಬಳಸುವುದೇ ಇಲ್ಲ. ಸಾಫ್ಟ್‌ವೇರ್‌ನಲ್ಲಿ ದನಿ ದಪ್ಪ ಮಾಡಿದರೆ ಅದನ್ನು ವಾಪಸ್ ಮೊದಲಿನ ಹಾಗೆ ಮಾಡುವುದು ಅಷ್ಟೇನೂ ಕಷ್ಟವಲ್ಲ. ಅವರ ಮಾತನ್ನು ಬರೆದುಕೊಂಡು ಬೇರೆಯವರಿಂದ ಓದಿಸುತ್ತೇನೆ, ಹಾಗೆ ಓದಿಸಿದ್ದೇವೆ ಅಂತ ಚಿತ್ರದಲ್ಲೇ ಹೇಳುತ್ತೇನೆ. ಮುಖವನ್ನು ತೆಳ್ಳಗೆ ಮಬ್ಬು ಮಾಡುವುದೂ ಸಾಲದು, ಪೂರ್ತಿ ಮುಚ್ಚಬೇಕು. ಇನ್ನೊಂದು ವಿಷಯ, ಮೊಬೈಲಿನಲ್ಲಿ ತೆಗೆದ ವಿಡಿಯೋದೊಳಗೆ ತೆಗೆದ ಜಾಗ, ಸಮಯ ಎಲ್ಲ ಅಡಗಿ ಕೂತಿರುತ್ತದೆ. ಅದನ್ನು ಅಳಿಸದೆ ಯಾರಿಗೂ ಕಳಿಸಬೇಡಿ. ಮೂಲ ಫುಟೇಜನ್ನು ಪಾಸ್‌ವರ್ಡ್ ಹಾಕಿದ ಡಿಸ್ಕ್‌ನಲ್ಲಿ ಇಡಿ, ಜೇಬಲ್ಲಿ ಹಾಕಿಕೊಂಡು ಕಾರ್ಖಾನೆ ಸುತ್ತ ತಿರುಗಬೇಡಿ.

ಒಪ್ಪಿಗೆ ಪತ್ರದ ಬಗ್ಗೆಯೂ ಹೇಳಬೇಕು. ಸಿನಿಮಾ ಶಾಲೆಗಳಲ್ಲಿ ಒಂದು ಫಾರಂ ಕೊಡುತ್ತಾರೆ, ಹೆಸರು, ವಿಳಾಸ, ಸಹಿ. ಅದು ನಿಮ್ಮನ್ನು ಕಾಪಾಡುವ ಕಾಗದ, ಅವರನ್ನು ಕಾಪಾಡುವುದಲ್ಲ. ಮುಷ್ಕರದ ತಯಾರಿಯಲ್ಲಿರುವ ಇಪ್ಪತ್ತು ಜನರ ಹೆಸರು, ವಿಳಾಸ ಒಂದೇ ಫೈಲಿನಲ್ಲಿ ನಿಮ್ಮ ಬ್ಯಾಗಿನಲ್ಲಿದ್ದು, ಆ ಬ್ಯಾಗು ಕಳೆದುಹೋದರೆ ಏನಾಗುತ್ತದೆ ಯೋಚಿಸಿ. ನಾನು ಮೂರು ಸಲ ಕೇಳುತ್ತೇನೆ. ಚಿತ್ರೀಕರಣಕ್ಕೆ ಮೊದಲು ಒಂದು ಸಲ, ರಫ್ ಕಟ್, ಅಂದರೆ ಎಡಿಟ್ ಮಾಡಿದ ಮೊದಲ ಕರಡು, ತೋರಿಸಿ ಒಂದು ಸಲ, ಬಿಡುಗಡೆಗೆ ಮುಂಚೆ ಕೊನೆಯ ಸಲ. ಮೊದಲ ಸಲ ಹೂಂ ಅಂದವರು ಮೂರನೆಯ ಸಲ ಬೇಡ ಅಂದದ್ದುಂಟು. ಆಗ ತೆಗೆದುಬಿಡಬೇಕು, ಅದು ಚಿತ್ರದ ಅತ್ಯುತ್ತಮ ದೃಶ್ಯವಾದರೂ ಸರಿ. ಕೇಳುವಾಗ ಸೂಪರ್‌ವೈಸರ್ ಹತ್ತಿರ ಇರಬಾರದು ಅನ್ನೋದು ಎಲ್ಲರಿಗೂ ಗೊತ್ತು. ಯೂನಿಯನ್ ಮುಖಂಡರೂ ಇರಬಾರದು, ಅದನ್ನು ಜನ ಮರೆಯುತ್ತಾರೆ. ಮುಖಂಡರ ಎದುರು ಬೇಡ ಅನ್ನುವುದು ಕೆಲವರಿಗೆ ಮಾಲೀಕರ ಎದುರು ಬೇಡ ಅನ್ನುವಷ್ಟೇ ಕಷ್ಟ.

ದುಡ್ಡು ಕೊಡಬೇಕಾ ಅಂತ ನೀವು ಕೇಳಿಲ್ಲ, ಆದರೆ ಈ ಪ್ರಶ್ನೆ ಬಂದೇ ಬರುತ್ತದೆ. ಮಾತಿಗೆ ದುಡ್ಡು ಕೊಡುವುದಿಲ್ಲ, ಕೊಟ್ಟರೆ ಹೇಳಿಸಿದ್ದು ಅಂತ ನಾಳೆ ಅಪವಾದ ಬರುತ್ತದೆ. ನಿಮ್ಮ ಜೊತೆ ಕೂತದ್ದರಿಂದ ಅರ್ಧ ದಿನದ ಕೂಲಿ ಹೋಯಿತು ಅಂದರೆ ಅದನ್ನು ಕೊಡಲೇಬೇಕು. ದಿನಗೂಲಿಯವರ ಸಮಯವನ್ನು ಸುಮ್ನೆ ತೆಗೆದುಕೊಂಡು ಕಾರ್ಮಿಕರ ಹಕ್ಕಿನ ಬಗ್ಗೆ ಚಿತ್ರ ಮಾಡುವುದು ನನಗೆ ಒಪ್ಪಿಗೆಯಾಗುವುದಿಲ್ಲ.

ಕಾರ್ಖಾನೆ ಒಳಗೆ ಬಿಡದಿದ್ದರೆ? ಅಮೆರಿಕದ ನಿರ್ದೇಶಕರಾದ ಜೂಲಿಯಾ ರೈಕರ್ಟ್ ಮತ್ತು ಸ್ಟೀವನ್ ಬೊಗ್ನಾರ್ ಅವರ ಚಿತ್ರ ನೋಡಿ. ಒಹಾಯೊ ರಾಜ್ಯದ ಮೊರೇನ್‌ನಲ್ಲಿದ್ದ ಜನರಲ್ ಮೋಟರ್ಸ್ ಕಾರ್ಖಾನೆ 2008ರ ಡಿಸೆಂಬರ್‌ನಲ್ಲಿ ಮುಚ್ಚಿತು. ಇವರನ್ನು ಒಳಗೆ ಬಿಡಲಿಲ್ಲ. ಕಾರ್ಮಿಕರೇ ಪುಟ್ಟ ಕ್ಯಾಮೆರಾಗಳನ್ನು ಒಳಗೆ ಒಯ್ದು ಕೊನೆಯ ಟ್ರಕ್ ಹೊರಬೀಳುವ ತನಕ ಚಿತ್ರಿಸಿ ತಂದರು. ಇದನ್ನು ಓದಿ ಈಗಲೇ ಯಾರ ಕೈಗೋ ಕ್ಯಾಮೆರಾ ಕೊಟ್ಟು ಒಳಗೆ ಕಳಿಸಬೇಡಿ! ಅಲ್ಲಿ ಕೆಲಸ ಹೇಗಿದ್ದರೂ ಹೋಗುವುದು ಖಚಿತವಾಗಿತ್ತು, ಹಾಗಾಗಿ ಕಳೆದುಕೊಳ್ಳಲು ಹೆಚ್ಚೇನೂ ಉಳಿದಿರಲಿಲ್ಲ. ನಡೆಯುತ್ತಿರುವ ಕಾರ್ಖಾನೆಯಲ್ಲಿ ಅದೇ ಕೆಲಸ ಮಾಡಿದರೆ ಒಬ್ಬರ ಅನ್ನವನ್ನೇ ಪಣಕ್ಕಿಟ್ಟ ಹಾಗೆ. ಅಂಥ ಕಡೆ ಸಂಬಳದ ಚೀಟಿ, ಗೇಟ್ ಪಾಸು, ಹಾಜರಿ ಪುಸ್ತಕದ ನಕಲು, ಕೆಲಸದಿಂದ ಮನೆಗೆ ಬಂದಾಗಿನ ಕೈಗಳು, ಇವೇ ಒಳಗಿನ ಕಥೆ ಹೇಳಬಲ್ಲವು.

ಕಾನೂನಿನ ಹೊಡೆತ ಬೇರೆ. ಸ್ವೀಡನ್ನಿನ ಫ್ರೆಡ್ರಿಕ್ ಗೆರ್ಟನ್ 2009ರಲ್ಲಿ ನಿಕರಾಗುವಾದ ಬಾಳೆ ತೋಟದ ಕಾರ್ಮಿಕರು ಕೀಟನಾಶಕದಿಂದ ಅನುಭವಿಸಿದ ತೊಂದರೆಗೆ ಡೋಲ್ ಕಂಪನಿ ಮೇಲೆ ಹೂಡಿದ್ದ ದಾವೆಯ ಬಗ್ಗೆ ಚಿತ್ರ ಮಾಡಿದರು. ಕಂಪನಿ ಅವರ ಮೇಲೇ ಮಾನನಷ್ಟ ದಾವೆ ಹಾಕಿತು, ಅದೇ ವರ್ಷ ವಾಪಸ್ಸೂ ತೆಗೆದುಕೊಂಡಿತು. ಆದರೆ ಆ ತಿಂಗಳುಗಳಲ್ಲಿ ಒಬ್ಬ ಸ್ವತಂತ್ರ ನಿರ್ದೇಶಕ ಏನೆಲ್ಲ ಎದುರಿಸಬೇಕಾಯಿತು ಅನ್ನೋದೇ ಅವರ ಮುಂದಿನ ಚಿತ್ರದ ಕಥೆ ಆಯಿತು. ತಮಿಳುನಾಡಿನಲ್ಲಿ ಮಲ ಬಾಚುವವರ ಬದುಕಿನ ಮೇಲೆ ದಿವ್ಯಭಾರತಿ 2017ರಲ್ಲಿ ಮಾಡಿದ ಕಕ್ಕೂಸ್ ಚಿತ್ರಕ್ಕೂ ಪ್ರದರ್ಶನಕ್ಕೆ ತಡೆ, ಬೆದರಿಕೆ, ಪೊಲೀಸ್ ಕೇಸು ಎಲ್ಲ ಬಂದವು. ಅದಕ್ಕೇ ಪ್ರತಿಯೊಂದು ಆರೋಪಕ್ಕೂ ಒಂದು ದಾಖಲೆ ಇರಲಿ, ಇಲ್ಲವೇ ಒಬ್ಬರನ್ನೊಬ್ಬರು ಕೇಳಿ ಹೇಳದ ಇಬ್ಬರು ಸಾಕ್ಷಿಗಳಿರಲಿ. ಕಂಪನಿಗೆ ಬರವಣಿಗೆಯಲ್ಲಿ ಪ್ರಶ್ನೆ ಕಳಿಸಿ, ಉತ್ತರಿಸಲು ಸಮಯ ಕೊಡಿ, ಉತ್ತರ ಬಂದರೆ ಹಾಕಿ, ಬರದಿದ್ದರೆ ಬರಲಿಲ್ಲ ಅಂತ ಹಾಕಿ. ಎಡಿಟ್ ಅಂತಿಮ ಆಗುವ ಮೊದಲೇ ವಕೀಲರಿಗೆ ತೋರಿಸಿ, ಆಮೇಲೆ ತೋರಿಸಿ ಪ್ರಯೋಜನ ಇಲ್ಲ.

ಅಸಮಾನತೆಯನ್ನು ಚಿತ್ರದಲ್ಲಿ ತೋರಿಸುವುದು ಹೇಗೆ ಅನ್ನೋದು ನನಗೆ ಬಹಳ ಇಷ್ಟದ ವಿಷಯ, ಸ್ವಲ್ಪ ಉದ್ದ ಬರೆದರೆ ಬೇಸರ ಮಾಡಿಕೊಳ್ಳಬೇಡಿ. ಎಲ್ಲರೂ ಮಾಡುವುದು ಒಂದೇ. ಗುಡಿಸಲು ತೋರಿಸಿ ಪಕ್ಕದಲ್ಲೇ ಗಾಜಿನ ಕಟ್ಟಡ ತೋರಿಸುತ್ತಾರೆ, ಮೇಲೆ ಅಂಕಿ ಬರುತ್ತದೆ. 2022ರ ಜಾಗತಿಕ ಅಸಮಾನತೆ ವರದಿ ಪ್ರಕಾರ ಜಗತ್ತಿನ ಸಂಪತ್ತಿನಲ್ಲಿ ಶೇ 76ರಷ್ಟು ಮೇಲಿನ ಶೇ 10 ಜನರ ಕೈಯಲ್ಲಿದೆ, ಕೆಳಗಿನ ಅರ್ಧದಷ್ಟು ಜನರಿಗೆ ಉಳಿದಿರುವುದು ಶೇ 2. ಭಯಂಕರ ಅಂಕಿ. ಆದರೆ ಪರದೆ ಮೇಲೆ ಬಂದು ಹೋದ ಐದು ನಿಮಿಷಕ್ಕೆ ಯಾರಿಗೂ ನೆನಪಿರುವುದಿಲ್ಲ. ಗುಡಿಸಲು ಮತ್ತು ಗಾಜಿನ ಕಟ್ಟಡ ಪಕ್ಕಪಕ್ಕ ಇವೆ ಅನ್ನೋದಷ್ಟೇ ಆ ಶಾಟಿನಲ್ಲಿ ಕಾಣುತ್ತದೆ, ಒಂದರಿಂದ ಇನ್ನೊಂದು ಹೇಗೆ ಎದ್ದಿತು ಅನ್ನೋದು ಕಾಣುವುದಿಲ್ಲ.

ಬಾಂಗ್ಲಾದೇಶದ ರಾಣಾ ಪ್ಲಾಜಾ ನೆನಪಿದೆಯಾ? 2013ರ ಏಪ್ರಿಲ್ 24ರಂದು ಕುಸಿದ ಕಟ್ಟಡ. 1,134 ಜನ ಸತ್ತರು, ಹೆಚ್ಚಿನವರು ಗಾರ್ಮೆಂಟ್ಸ್ ಕಾರ್ಮಿಕರು. ಹಿಂದಿನ ದಿನವೇ ಗೋಡೆ, ಕಂಬಗಳಲ್ಲಿ ಬಿರುಕು ಕಂಡಿತ್ತು. ಅದೇ ಕಟ್ಟಡದ ಕೆಳಗಿನ ಮಹಡಿಗಳಲ್ಲಿದ್ದ ಬ್ಯಾಂಕು, ಅಂಗಡಿಗಳು ಬಾಗಿಲು ಹಾಕಿದವು. ಮೇಲಿನ ಮಹಡಿಗಳ ಹೊಲಿಗೆ ಕಾರ್ಮಿಕರನ್ನು ಮಾತ್ರ ಮರುದಿನ ಕೆಲಸಕ್ಕೆ ಬನ್ನಿ ಅಂತ ಕರೆಸಿದರು. ಒಂದೇ ಕಟ್ಟಡ, ಒಂದೇ ಬಿರುಕು. ಬ್ಯಾಂಕಿನವರಿಗೆ ಅದು ರಜೆ ಆಯಿತು. ನಾನು ಅಸಮಾನತೆ ಅಂದಾಗ ಇದನ್ನು ಹೇಳುತ್ತೇನೆ. ಬೇಡ ಅನ್ನಲು ಯಾರಿಗೆ ಸಾಧ್ಯ, ಯಾರಿಗೆ ಸಾಧ್ಯವಿಲ್ಲ? ಸಂಬಳ ಹಿಡಿದುಬಿಟ್ಟರೆ ತಿಂಗಳು ಹೇಗೆ ಕಳೆಯಲಿ ಅನ್ನೋ ಭಯವೇ ಅವತ್ತು ಆ ಮೆಟ್ಟಿಲು ಹತ್ತಿಸಿತು. ಕಟ್ಟಡ ಬಿದ್ದ ಮೇಲೆ ಜಗತ್ತಿನ ಎಲ್ಲ ಕ್ಯಾಮೆರಾಗಳೂ ಅಲ್ಲಿಗೆ ಹೋದವು. ಬಿರುಕು ಬಿಡುವ ಮೊದಲು ಅಲ್ಲಿಗೆ ಹೋಗುವ ಕ್ಯಾಮೆರಾ ನಿಮ್ಮದಾಗಲಿ ಅನ್ನೋದು ನನ್ನ ಆಸೆ.

ಹಾಗಾಗಿ ಅಸಮಾನತೆಯನ್ನು ಹುಡುಕುವಾಗ ಕಾಯುವುದನ್ನು ಚಿತ್ರಿಸಿ. ಯಾರು ಯಾರಿಗಾಗಿ ಎಷ್ಟು ಹೊತ್ತು ಕಾಯುತ್ತಾರೆ? ಮುಷ್ಕರ ಅಂದರೆ ಕಾಯುವ ಪಂದ್ಯ. ಕಂಪನಿ ಆರು ತಿಂಗಳು ಕಾಯಬಲ್ಲದು, ಬಾಡಿಗೆ ಕಟ್ಟಬೇಕಾದ ಮನೆ ಆರು ವಾರ ಕಾಯಲಾರದು. ಗುತ್ತಿಗೆ ಕಾರ್ಮಿಕರು ಬೆಳಿಗ್ಗೆ ಮೇಸ್ತ್ರಿ ಬರುವ ತನಕ ನಿಲ್ಲುವುದು, ಬಾಕಿ ಸಂಬಳಕ್ಕೆ ಆಫೀಸಿನ ಹೊರಗೆ ಕೂರುವುದು, ಇವುಗಳನ್ನು ಎಡಿಟ್‌ನಲ್ಲಿ ಮೊದಲು ಕತ್ತರಿಸುವುದು ನಮ್ಮ ಅಭ್ಯಾಸ, ಏನೂ ನಡೆಯುತ್ತಿಲ್ಲ ಅಂತ. ಚೀನಾದ ವಾಂಗ್ ಬಿಂಗ್ 1999ರಿಂದ 2001ರ ತನಕ ಶೆನ್ಯಾಂಗ್ ನಗರದ ಟಿಯೆಕ್ಸಿ ಜಿಲ್ಲೆಯಲ್ಲಿ ಸರ್ಕಾರಿ ಕಾರ್ಖಾನೆಗಳು ಒಂದೊಂದಾಗಿ ಮುಚ್ಚುವುದನ್ನು ಸಣ್ಣ ಡಿಜಿಟಲ್ ಕ್ಯಾಮೆರಾದಲ್ಲಿ ಹಿಡಿದರು. ಚಿತ್ರ ಒಂಬತ್ತು ಗಂಟೆಗೂ ಜಾಸ್ತಿ. ಕಾರ್ಮಿಕರು ವಿಶ್ರಾಂತಿ ಕೋಣೆಯಲ್ಲಿ ಕೂತು ಹರಟುತ್ತಾರೆ, ಆಟ ಆಡುತ್ತಾರೆ, ಕೆಲಸ ಇರುತ್ತದಾ ಹೋಗುತ್ತದಾ ಅಂತ ಮಾತಾಡುತ್ತಾರೆ. ನೋಡುತ್ತಾ ನೋಡುತ್ತಾ ನಮಗೂ ಆ ಕೋಣೆಯಲ್ಲಿ ಕೂತು ಕಾದಂತಾಗುತ್ತದೆ. ನೀವು ಒಂಬತ್ತು ಗಂಟೆ ಮಾಡಬೇಕಿಲ್ಲ. ಒಂದು ಶಾಟನ್ನು ನಿಮಗೆ ಸಾಕು ಅನ್ನಿಸಿದ ಮೇಲೂ ಇಪ್ಪತ್ತು ಸೆಕೆಂಡು ಬಿಟ್ಟು ನೋಡಿ.

ಅಂಕಿ ಬೇಡ ಅಂತಲ್ಲ. ಅಂಕಿ ಒಬ್ಬರ ಬಾಯಿಂದ ಬಂದರೆ ನಿಲ್ಲುತ್ತದೆ. ರೈಕರ್ಟ್, ಬೊಗ್ನಾರ್ ಮತ್ತೆ ಅದೇ ಮೊರೇನ್ ಕಾರ್ಖಾನೆಗೆ ಹೋದರು. ಅಲ್ಲಿ ಆಗ ಚೀನಾದ ಫುಯಾವ್ ಕಂಪನಿ ವಾಹನಗಳ ಗಾಜು ಮಾಡುತ್ತಿತ್ತು. 2019ರಲ್ಲಿ ಬಂದ ಅಮೆರಿಕನ್ ಫ್ಯಾಕ್ಟರಿ ಚಿತ್ರದಲ್ಲಿ ಒಬ್ಬ ಕೆಲಸಗಾರ್ತಿ, ಮೊದಲು ಗಂಟೆಗೆ 29 ಡಾಲರ್ ಮೇಲೆ ಸಿಗುತ್ತಿತ್ತು, ಈಗ 12.84 ಅನ್ನುತ್ತಾರೆ. ಆ ಎರಡು ಅಂಕಿಯಲ್ಲಿ ಒಂದು ಊರಿನ ಹತ್ತು ವರ್ಷ ಇದೆ. ಅದೇ ಚಿತ್ರದಲ್ಲಿ ಮನೆ, ಮಕ್ಕಳನ್ನು ಬಿಟ್ಟು ಬಂದ ಚೀನೀ ಕಾರ್ಮಿಕರೂ ಇದ್ದಾರೆ, ಕಂಪನಿಯ ಅಧ್ಯಕ್ಷರೂ ಬಿಚ್ಚುಮನಸ್ಸಿನಿಂದ ಮಾತಾಡುತ್ತಾರೆ. ಯೂನಿಯನ್ ಬೇಕಾ ಬೇಡವಾ ಅಂತ 2017ರ ನವೆಂಬರ್‌ನಲ್ಲಿ ನಡೆದ ಮತದಾನದಲ್ಲಿ 868 ಜನ ಬೇಡ ಅಂದರು, 444 ಜನ ಬೇಕು ಅಂದರು. ಆ ಫಲಿತಾಂಶ ನಿರ್ದೇಶಕರ ಮನಸ್ಸಿಗೆ ಹಿತವಾಗಿರಲಾರದು. ಇದ್ದದ್ದನ್ನು ಇದ್ದ ಹಾಗೇ ಇಟ್ಟರು. 2020ರಲ್ಲಿ ಆಸ್ಕರ್ ವೇದಿಕೆಯಲ್ಲಿ ನಿಂತು, ಜಗತ್ತಿನ ಕಾರ್ಮಿಕರು ಒಂದಾದಾಗ ಪರಿಸ್ಥಿತಿ ಸುಧಾರಿಸುತ್ತದೆ ಅಂತ ರೈಕರ್ಟ್ ಹೇಳಿದರು. ಇದನ್ನು ನಿಮ್ಮ ಗೆಳೆಯರಿಗೆ ತೋರಿಸಿ. ಪಕ್ಷವೂ ಸತ್ಯವೂ ಒಬ್ಬರಲ್ಲೇ ಇರಬಹುದು.

ಕೊನೆಯದು, ಏನಾದರೂ ಬದಲಾಗುತ್ತದಾ?

ಇದನ್ನು ನೀವೊಬ್ಬರೇ ಕೇಳುತ್ತಿಲ್ಲ, ಕ್ಯಾಮೆರಾ ಮುಂದೆ ಇರುವವರೂ ಕೇಳುತ್ತಾರೆ. ಆನಂದ ಪಟವರ್ಧನ್ 1985ರಲ್ಲಿ ಬಾಂಬೆಯ ಗುಡಿಸಲುವಾಸಿಗಳ ಮೇಲೆ ಮಾಡಿದ ಚಿತ್ರದಲ್ಲಿ ಒಬ್ಬ ಹೆಂಗಸು, ಬಡವರ ಫೋಟೋ ತೆಗೆದುಕೊಂಡು ಹೋಗಿ ನೀವು ಹೆಸರು ಮಾಡುತ್ತೀರಿ, ನಮಗೇನು ಮಾಡುತ್ತೀರಿ ಅನ್ನುವ ಅರ್ಥದಲ್ಲಿ ಚಿತ್ರ ಮಾಡುವವರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾರೆ. ಸೂರತ್ತಿನ ಬಟ್ಟೆ ಕಾರ್ಖಾನೆಯೊಳಗೆ ರಾಹುಲ್ ಜೈನ್ ಮಾಡಿದ 2016ರ ಮಷೀನ್ಸ್ ಚಿತ್ರದ ಕೊನೆಯ ಭಾಗದಲ್ಲೂ ಕಾರ್ಮಿಕರು ಗುಂಪಾಗಿ ನಿಂತು ಅದೇ ಧಾಟಿಯಲ್ಲಿ ಕೇಳುತ್ತಾರೆ. ನಡುವೆ ಮೂವತ್ತು ವರ್ಷ ಹೋಗಿದೆ. ಇಬ್ಬರೂ ಆ ಮಾತನ್ನು ಕತ್ತರಿಸಲಿಲ್ಲ. ನಿಮಗೂ ಯಾರಾದರೂ ಹೀಗೆ ಬೈದರೆ ಕ್ಯಾಮೆರಾ ನಿಲ್ಲಿಸಬೇಡಿ, ಸಮರ್ಥನೆಗೂ ಇಳಿಯಬೇಡಿ, ಕೇಳಿಸಿಕೊಳ್ಳಿ.

ಕೇಳಿಸಿಕೊಂಡರೆ ಏನಾಗಬಹುದು ಅನ್ನೋದಕ್ಕೆ ಫ್ರಾನ್ಸಿನ ಬೆಸಾನ್ಸೋನ್ ಕಥೆ ಇದೆ. 1967ರಲ್ಲಿ ಅಲ್ಲಿನ ರೋಡಿಯಾಸೆಟಾ ನೂಲಿನ ಕಾರ್ಖಾನೆಯಲ್ಲಿ ಮುಷ್ಕರ ನಡೆಯಿತು. ಆಗಲೇ ಹೆಸರು ಮಾಡಿದ್ದ ನಿರ್ದೇಶಕ ಕ್ರಿಸ್ ಮಾರ್ಕರ್ ಮತ್ತು ಮಾರಿಯೋ ಮಾರೆ ಅದರ ಮೇಲೆ ಚಿತ್ರ ಮಾಡಿ, ಅದೇ ಕಾರ್ಮಿಕರಿಗೆ ತೋರಿಸಿದರು. ಕಾರ್ಮಿಕರಿಗೆ ಇಷ್ಟ ಆಗಲಿಲ್ಲ. ಹೊರಗಿನವರು ನಮ್ಮನ್ನು ನೋಡಿದ ರೀತಿ ಇದು, ನಮ್ಮ ಬದುಕು ಇದಲ್ಲ ಅಂತ ಎದುರಿಗೇ ಹೇಳಿದರು. ಆ ಚರ್ಚೆಯ ಧ್ವನಿಮುದ್ರಣವೂ ಉಳಿದಿದೆ. ಮಾರ್ಕರ್ ಮುನಿಸಿಕೊಂಡು ಹೋಗಲಿಲ್ಲ. ಹಾಗಾದರೆ ನಿಮ್ಮ ಚಿತ್ರವನ್ನು ನೀವೇ ಮಾಡಬೇಕು ಅನ್ನೋ ಕಡೆಗೆ ಮಾತು ಹೋಯಿತು. ಸಿನಿಮಾದವರು ಬಂದು ಕ್ಯಾಮೆರಾ, ಧ್ವನಿ, ಎಡಿಟಿಂಗ್ ಕಲಿಸಿದರು. ಮೆಡ್ವೆಡ್ಕಿನ್ ಗುಂಪು ಅನ್ನುವ ಹೆಸರಲ್ಲಿ ಕಾರ್ಖಾನೆಯವರೇ ಕೆಲವು ವರ್ಷ ಚಿತ್ರಗಳನ್ನು ಮಾಡಿದರು. ಚಿತ್ರದಿಂದ ಬದಲಾವಣೆ ಬಂತಾ ಅಂದರೆ, ಆ ಊರಿನಲ್ಲಿ ಯಂತ್ರದ ಮುಂದೆ ನಿಲ್ಲುತ್ತಿದ್ದವರು ಕ್ಯಾಮೆರಾ ಹಿಂದೆ ನಿಂತರು. ನನ್ನ ಲೆಕ್ಕದಲ್ಲಿ ಇದು ಸಣ್ಣದಲ್ಲ.

ಇನ್ನೊಂದು, ಮತ್ತೆ ಕಾಪಲ್ ಅವರದ್ದೇ. 1973ರಲ್ಲಿ ಕೆಂಟಕಿ ರಾಜ್ಯದ ಹಾರ್ಲನ್ ಕೌಂಟಿಯ ಬ್ರೂಕ್‌ಸೈಡ್ ಗಣಿಯಲ್ಲಿ ಸುಮಾರು 180 ಕಲ್ಲಿದ್ದಲು ಕಾರ್ಮಿಕರು ಮುಷ್ಕರ ಹೂಡಿದರು. ಯೂನಿಯನ್ ಒಪ್ಪಂದ ಬೇಕು ಅನ್ನೋದು ಬೇಡಿಕೆ. ಗೇಟಿನಲ್ಲಿ ಇಷ್ಟೇ ಜನ ನಿಲ್ಲಬೇಕು ಅಂತ ಕೋರ್ಟು ಆದೇಶ ಮಾಡಿದಾಗ ಅವರ ಹೆಂಡತಿಯರು, ತಾಯಂದಿರು ರಸ್ತೆಗೆ ಇಳಿದು ಅಡ್ಡ ನಿಂತರು. ಕಾಪಲ್ ಆಗ ಇಪ್ಪತ್ತರ ಹರೆಯದ ಹುಡುಗಿ, ಧ್ವನಿಮುದ್ರಣದ ಯಂತ್ರ ಹೆಗಲಿಗೆ ಹಾಕಿಕೊಂಡು ಮುಂಜಾನೆ ಕತ್ತಲಲ್ಲಿ ಆ ಹೆಂಗಸರ ಜೊತೆ ನಿಲ್ಲುತ್ತಿದ್ದರು. ಏಟು ತಿಂದರು, ಗುಂಡಿನ ಸದ್ದೂ ಅವರ ಚಿತ್ರದಲ್ಲಿದೆ. ದುಡ್ಡು ಮುಗಿದು ಫಿಲ್ಮ್ ಇಲ್ಲದ ದಿನಗಳು ಬಂದವು. ಆಗಲೂ ಖಾಲಿ ಕ್ಯಾಮೆರಾ ಹಿಡಿದು ಚಿತ್ರೀಕರಣ ಮಾಡುವವರ ಹಾಗೆ ನಿಂತರು, ಯಾಕೆಂದರೆ ಕ್ಯಾಮೆರಾ ಕಂಡರೆ ಹೊಡೆಯುವವರ ಕೈ ಸ್ವಲ್ಪ ಹಿಂದೆ ಸರಿಯುತ್ತಿತ್ತು. ಆದರೂ ಲಾರೆನ್ಸ್ ಜೋನ್ಸ್ ಅನ್ನುವ ಯುವ ಗಣಿ ಕಾರ್ಮಿಕ ಗುಂಡಿಗೆ ಬಲಿಯಾದ. ಹದಿಮೂರು ತಿಂಗಳ ಮುಷ್ಕರ ಒಪ್ಪಂದದೊಂದಿಗೆ ಮುಗಿದದ್ದು ಆ ಸಾವಿನ ನಂತರವೇ, 1974ರಲ್ಲಿ. ಚಿತ್ರ ಬಂದದ್ದು 1976ರಲ್ಲಿ. ಅಂದರೆ ಮುಷ್ಕರ ಗೆದ್ದಾಗ ಚಿತ್ರ ಇನ್ನೂ ಇರಲೇ ಇಲ್ಲ. ಗೆದ್ದವರು ಆ ಕಾರ್ಮಿಕರು, ಆ ಹೆಂಗಸರು. ಕಾಪಲ್ ಆ ಗೆಲುವಿಗೆ ಕೊಟ್ಟದ್ದು ಫಿಲ್ಮ್ ಇಲ್ಲದ ಕ್ಯಾಮೆರಾ ಹಿಡಿದು ಜೊತೆಗೆ ನಿಂತ ಬೆಳಗುಗಳನ್ನು.

ಹಾಗಾಗಿ ಬದಲಾವಣೆಯನ್ನು ಬಿಡುಗಡೆಯ ದಿನದಿಂದ ಲೆಕ್ಕ ಹಾಕಬೇಡಿ. ಚಿತ್ರ ಮಾಡುವಾಗ ಏನಾಯಿತು ಅಂತಲೂ ನೋಡಿ. ನಿಮ್ಮ ಸಂದರ್ಶನಕ್ಕೆ ಅಂತ ತೆಗೆದ ಹತ್ತು ಸಂಬಳದ ಚೀಟಿಗಳನ್ನು ಒಟ್ಟಿಗೆ ಇಟ್ಟಾಗ ಎಲ್ಲರಿಗೂ ಒಂದೇ ರೀತಿ ಕಡಿತ ಆಗಿದೆ ಅಂತ ಅವರಿಗೆ ಮೊದಲ ಸಲ ಗೊತ್ತಾಗಬಹುದು. ಮುಗಿದ ಮೇಲೆ ಚಿತ್ರೋತ್ಸವಗಳಿಗೆ, ಸ್ಪರ್ಧೆಗಳಿಗೆ ಕಳಿಸಿ, ಬೇಡ ಅನ್ನುವುದಿಲ್ಲ, ಆದರೆ ಮೊದಲ ಪ್ರದರ್ಶನ ಅವರದ್ದೇ ಆಗಲಿ, ಅವರ ಶಿಫ್ಟ್ ಮುಗಿಯುವ ಹೊತ್ತಿಗೆ, ಅವರ ಭಾಷೆಯಲ್ಲಿ. ಉದ್ದದ ಚಿತ್ರದ ಜೊತೆ ಹತ್ತು ನಿಮಿಷದ ಒಂದು ತುಂಡನ್ನೂ ಮಾಡಿ, ಊಟದ ಬಿಡುವಿನಲ್ಲಿ ಮೊಬೈಲಿನಲ್ಲಿ ನೋಡಿ ಮುಗಿಸುವಂಥದ್ದು. ಹಂಚುವವರು ಸಿಗಲಿಲ್ಲ ಅಂದರೆ ನಿಮ್ಮಂಥ ನಾಲ್ಕು ಜನ ಸೇರಿಕೊಳ್ಳಿ. ರೈಕರ್ಟ್ ಮತ್ತು ಜೊತೆಯವರು 1971ರಲ್ಲಿ ನ್ಯೂ ಡೇ ಫಿಲ್ಮ್ಸ್ ಅಂತ ಸಹಕಾರಿ ಸಂಘ ಕಟ್ಟಿದ್ದು ಇದೇ ಕಾರಣಕ್ಕೆ. ಅದು ಈಗಲೂ ನಡೆಯುತ್ತಿದೆ.

ನೀವು ಈಗ ಮಾಡಬೇಕಾದದ್ದು ಇಷ್ಟು. ಮೊದಲ ತಿಂಗಳು ಕ್ಯಾಮೆರಾ ಮನೆಯಲ್ಲಿಡಿ. ಶಿಫ್ಟ್ ಯಾವಾಗ ಬದಲಾಗುತ್ತದೆ, ಯಾವ ದಿನ ಸಂಬಳ, ಯಾರು ಯಾರಿಗೆ ಸಾಲ ಕೊಡುತ್ತಾರೆ, ಯಾರ ಮಾತನ್ನು ಎಲ್ಲರೂ ಕೇಳುತ್ತಾರೆ, ಯಾರು ಮಾತೇ ಆಡುವುದಿಲ್ಲ, ಇದನ್ನೆಲ್ಲ ತಿಳಿಯಿರಿ. ನೀವು ಹೋರಾಟದಲ್ಲೂ ಇರುವವರು ಅಂತ ಅವರಿಗೆ ಹೇಳಿ, ಚಿತ್ರದಲ್ಲೂ ಹೇಳಿ. ಎರಡನೇ ತಿಂಗಳು ಮೈಕ್ ಮಾತ್ರ ಒಯ್ಯಿರಿ, ದನಿ ಕೇಳಿಸಿಕೊಳ್ಳುವ ಅಭ್ಯಾಸ ಆಗುತ್ತದೆ. ರಫ್ ಕಟ್ ಆದ ಮೇಲೆ ನನಗೆ ಕಳಿಸುವ ಮೊದಲು ಅವರಿಗೆ ತೋರಿಸಿ. ಯಾವ ದೃಶ್ಯದಲ್ಲಿ ಸುಮ್ಮನಾದರು, ಯಾವುದನ್ನು ತೆಗೆಯಿರಿ ಅಂದರು, ಯಾರು ಎದ್ದು ಹೊರಗೆ ಹೋದರು, ಬರೆದುಕೊಳ್ಳಿ. ಆಮೇಲೆ ಆ ಟಿಪ್ಪಣಿಯ ಜೊತೆ ಚಿತ್ರ ಕಳಿಸಿ, ಇಬ್ಬರೂ ಕೂತು ನೋಡೋಣ.